ವೈರಿಲ್ಲದ ಕೀಬೋರ್ಡ್

ಫೆಬ್ರವರಿ 9

ಎದ್ದಾಗ ಅವನ ಕೈ ನನ್ನ ಜಡೆಯ ಅಡಿ ಸಿಕ್ಕಿಕೊಂಡಿತ್ತು. ಎಳೆದುಕೊಂಡರೆ ನನಗೆ ಎಚ್ಚರವಾದೀತೆಂದು ಹಾಗೇ ಮಲಗಿದ್ದನಂತೆ. ಜೋಮು ಹಿಡಿದು, ಪಾಪ, ಎಡಗೈಯಲ್ಲಿ ಹಲ್ಲುಜ್ಜಿದ. ಇಂಥದ್ದನ್ನೆಲ್ಲ ಬರೆದಿಡದಿದ್ದರೆ ಮರೆತುಹೋಗುತ್ತದೆ. ಅದಕ್ಕೇ ಬರೆಯುವುದು. ಸೋ ಸೋ ಹ್ಯಾಪಿ.

ಅತ್ತೆಯ ಮುಂದೆ "ಇವರು". ರೂಮಿನ ಬಾಗಿಲು ಹಾಕಿದ ಮೇಲೆ "ಲೋ". ಇವತ್ತು ತಿಂಡಿ ಬಡಿಸುವಾಗ ಬಾಯಿ ತಪ್ಪಿ "ಲೋ, ಇನ್ನೊಂಚೂರು ಹಾಕ್ಲಾ" ಅಂದುಬಿಟ್ಟೆ. ಅತ್ತೆ ಕೇಳಿಸದವರ ಹಾಗೆ ನೀರು ಕುಡಿದರು. ಅವನು ನಗು ತಡೆಯಲಾರದೆ ಕೆಮ್ಮಿದ. ಸ್ಕೂಟರ್ ಗೇಟು ದಾಟುವವರೆಗೂ ನಾನು ಅವನ ಬೆನ್ನಿಗೆ ಗುದ್ದುತ್ತಲೇ ಇದ್ದೆ.

"ಗಂಡ ಹೆಂಡ್ತಿ ಒಂದೇ ಕಡೆ ಕೆಲಸ. ನೋಡಿದವರ ಕಣ್ಣು ಬೀಳತ್ತೆ" ಅನ್ನುತ್ತಾರೆ ಅತ್ತೆ. ಅವರ ಪ್ರಕಾರ ನಮ್ಮದು ಕಸ್ಟಮರ್ ಸರ್ವಿಸ್. "ಸುಳ್ಳೇನಲ್ವಲ್ಲ" ಅನ್ನುತ್ತಾನೆ ಇವನು.

ಫರ್ನಿಚರ್ ಅಂಗಡಿಯ ಮೇಲಿನ ಮಹಡಿ ನಮ್ಮ ಸ್ಟುಡಿಯೋ. ಕಾರಿಡಾರಿನ ಒಂದು ಬದಿಗೆ ಸಾಲು ರೂಮುಗಳು. ಒಂದೊಂದರಲ್ಲೂ ಮಂಚ, ರಿಂಗ್ ಲೈಟ್, ಕ್ಯಾಮೆರಾ, ಒಬ್ಬ ಹೆಂಗಸು. ದೂರದ ದೇಶಗಳ ಗಂಡಸರು ದುಡ್ಡು ಕೊಟ್ಟು ನೋಡುತ್ತಾರೆ, ಹರಟುತ್ತಾರೆ, ಅದು ಮಾಡು ಇದು ಮಾಡು ಎಂದು ಕೇಳುತ್ತಾರೆ. ಅವರ ರಾತ್ರಿ ನಮ್ಮ ಬೆಳಿಗ್ಗೆ. ಇನ್ನೊಂದು ಬದಿಗೆ ಉದ್ದನೆಯ ಮೇಜು, ಅಲ್ಲಿ ಸ್ಕ್ರೀನಿನಲ್ಲಿ ರೂಮು ನೋಡುತ್ತ ನಾವು ಟೈಪಿಸ್ಟುಗಳು. ರೂಮಿನ ಹೆಂಗಸರಿಗೆ ಇಂಗ್ಲಿಷ್ ಬರುವುದಿಲ್ಲ. ಅವರ ಮುಂದೊಂದು ಕೀಬೋರ್ಡ್ ಇರುತ್ತದೆ, ಬೆರಳಾಡಿಸುತ್ತಾರೆ. ಆದರೆ ಅದಕ್ಕೆ ವೈರೇ ಇಲ್ಲ. ಉತ್ತರ ಟೈಪ್ ಮಾಡುವುದು ನಾವು. ನೋಡುವವನಿಗೆ ಅವಳೇ ಬರೆದಂತೆ, ಅವಳದೇ ಹೆಸರಿನಲ್ಲಿ ಹೋಗುತ್ತದೆ.

ನನ್ನದು ಮೂರನೇ ರೂಮು. ಬೆಳ್ಳಿ ಅಕ್ಕ. ಬೆಳ್ಳಿ ಬಣ್ಣದ ವಿಗ್ ಹಾಕುತ್ತಾಳೆ, ಅದಕ್ಕೆ ಆ ಹೆಸರು.

ಮದುವೆಗೆ ಮುಂಚೆ ಅವನು ಹೇಳಿದ್ದು "ಆನ್‌ಲೈನ್ ಎಂಟರ್‌ಟೈನ್‌ಮೆಂಟ್ ಕಂಪನಿಯಲ್ಲಿ ಮ್ಯಾನೇಜರ್" ಅಂತ. ಎಂಥ ಎಂಟರ್‌ಟೈನ್‌ಮೆಂಟ್ ಅಂತ ಹೇಳಿದ್ದು ಮದುವೆಯಾದ ವಾರಕ್ಕೆ, ದಿಂಬಿನಲ್ಲಿ ಮುಖ ಹುದುಗಿಸಿಕೊಂಡು. ನಾನು ನಕ್ಕುಬಿಟ್ಟೆ. ಕಾನ್ವೆಂಟಿನ ಗೆಳತಿಯರಿಗೆ ಗೊತ್ತಾದರೆ ಮೂರ್ಛೆ ಹೋಗುತ್ತಾರೆ. ನಾನು ಅವರ ಹಾಗಲ್ಲ, ಬ್ರಾಡ್‌ಮೈಂಡೆಡ್ — ಅಂದುಕೊಂಡು ಖುಷಿಪಟ್ಟೆ.

ಫೆಬ್ರವರಿ 13

ಶಿಫ್ಟ್ ಮುಗಿದ ಮೇಲೆ ಬೆಳ್ಳಿ ಅಕ್ಕ ಮೇಕಪ್ ರೂಮಿನಲ್ಲಿ ಕಾಲು ಚಾಚಿ ಕೂತು ದಿನಾ ಒಂದೇ ಪ್ರಶ್ನೆ ಕೇಳುತ್ತಾಳೆ. "ಹೇಳು, ಇವತ್ತು ನಾನು ಏನೇನಂದೆ?"

ನಾನು ಕನ್ನಡದಲ್ಲಿ ಹೇಳುತ್ತಾ ಹೋಗುತ್ತೇನೆ. ನೀನು ಚಂದ್ರನ ಬಗ್ಗೆ ಒಂದು ಮಾತಂದೆ. ಒಬ್ಬನಿಗೆ ಅವನ ನಾಯಿಯ ಆರೋಗ್ಯ ವಿಚಾರಿಸಿದೆ. ಇನ್ನೊಬ್ಬ ಹೆಂಡತಿ ಬಿಟ್ಟುಹೋದಳೆಂದು ಅತ್ತಾಗ, ಕತ್ತಲೆ ಇದ್ದರೇ ನಕ್ಷತ್ರ ಕಾಣುವುದು ಅಂದೆ.

"ಅಯ್ಯೋ, ನಾನು ಎಷ್ಟು ಓದಿದೀನಿ" ಎಂದಳು ಬೆಳ್ಳಿ ಅಕ್ಕ.

"ನೀನು ಬಾಯಿ ಬಿಟ್ರೆ ಆ ಗಿರಾಕಿ ಎದ್ದು ಓಡಿಹೋಗ್ತಾನೆ. ಗೂಡ್ಸ್ ಗಾಡಿ ಧ್ವನಿ ನಿಂದು" ಎಂದರು ಮೇಕಪ್ ಆಂಟಿ. ಇಲ್ಲಿ ಎಲ್ಲರಿಗಿಂತ ಹಳಬರು ಅವರು, ಯಾರನ್ನೂ ಬಿಡುವುದಿಲ್ಲ.

ಆಮೇಲೆ ಬೆಳ್ಳಿ ಅಕ್ಕ ಸೀರಿಯಸ್ ಆಗಿ ಕೆಲಸ ಕಲಿಸಿದಳು. ಅವಳ ಮಂಚದ ಮೇಲೊಂದು ನೀಲಿ ದಿಂಬಿದೆ. ಅದನ್ನೆತ್ತಿ ತೊಡೆಯ ಮೇಲಿಟ್ಟುಕೊಂಡಳೆಂದರೆ "ಇದು ನನ್ನಿಂದಾಗಲ್ಲ, ಏನಾದರೂ ಹೇಳಿ ತಪ್ಪಿಸು" ಎಂದರ್ಥ. ಕ್ಯಾಮೆರಾದ ಮುಂದೆ ಬೇಡ ಅಂತ ತಲೆಯಾಡಿಸುವ ಹಾಗಿಲ್ಲ, ದಂಡ ಹಾಕುತ್ತಾರೆ. ನಡುವೆ ಎದ್ದು ಹೋದರೂ ದಂಡ. ಸೆಷನ್ ಮುಚ್ಚುವ ಕೀ ಇರುವುದು ಟೈಪಿಸ್ಟಿನ ಹತ್ತಿರ.

"ಬೇರೆ ಏನಿದ್ರೂ ನೋಡ್ಕೊಳ್ಳೋಣ. ಇದನ್ನ ಮಾತ್ರ ಯಾವ ಕಾಲಕ್ಕೂ ತೆಗೆಯಲ್ಲ." ಹೊಲಿಯುತ್ತಿದ್ದ ಕಪ್ಪು ಲೇಸಿನ ಅರ್ಧ ಮುಖವಾಡ ತೋರಿಸಿದಳು. ಹಣೆಯಿಂದ ಮೂಗಿನವರೆಗೆ ಮುಚ್ಚುತ್ತದೆ. "ಈ ಮುಖ ನನ್ನೊಬ್ಬಳದೇ ಆಗಿದ್ರೆ ಪರವಾಗಿರಲಿಲ್ಲ. ನನ್ನ ತಂಗಿದೂ ಇದೇ. ಅಚ್ಚು ತೆಗೆದ ಹಾಗಿದೀವಿ. ಅವಳು ಆಸ್ಪತ್ರೇಲಿ ನರ್ಸು."

ಪ್ರಾಮಿಸ್ ಅಂದೆ. ಕೈ ಮೇಲೆ ಕೈಯಿಟ್ಟು.

ಫೆಬ್ರವರಿ 22

ಮೂರನೇ ರೂಮು ಟಾಪ್! ಗಿರಾಕಿಗಳೆಲ್ಲ ಬೆಳ್ಳಿಯ ಮಾತಿಗೇ ಬರುತ್ತಾರಂತೆ. ಸ್ಕೂಲಿನಲ್ಲಿ ಎಸ್ಸೇಗೆ ಪ್ರೈಜ್ ತೆಗೆದುಕೊಂಡಾಗಲೂ ಇಷ್ಟು ಹಿಗ್ಗಿರಲಿಲ್ಲ. ಎಲ್ಲರೆದುರು ಅವನು, "ಇದು ಇಂಗ್ಲಿಷ್ ಅಂದ್ರೆ. ಉಳಿದೋರು ನೋಡಿ ಕಲೀರಿ" ಅಂದ. ನನ್ನ ಕಿವಿ ಕೆಂಪಾಯಿತು.

ಹೀಗೇ ಮುಂದುವರಿದರೆ ಓನರ್ ಖರ್ಚಿನಲ್ಲಿ ನಮ್ಮಿಬ್ಬರಿಗೆ ಸಮುದ್ರದ ಬದಿಯ ಹೋಟೆಲು. ಹನಿಮೂನೇ ಆಗಿಲ್ಲವಲ್ಲ. ಅವನು ಫೋನಿನಲ್ಲಿ ರೂಮಿನ ಫೋಟೊ ತೋರಿಸಿದ, ಕಿಟಕಿ ತುಂಬ ನೀರು. ಸ್ಕೂಟರಿನಲ್ಲಿ ಅವನ ಕಿವಿಗೆ ಮುತ್ತಿಟ್ಟೆ. ಹೆಲ್ಮೆಟ್ಟಿಗೆ ಬಿತ್ತು.

ಫೆಬ್ರವರಿ 26

ಬೆಳ್ಳಿ ಅಕ್ಕ ಇವನ ಕ್ಯಾಬಿನ್ನಿಗೆ ಬಂದು ನಿಂತಳು. ನಾನೂ ಇನ್ನಿಬ್ಬರು ಟೈಪಿಸ್ಟುಗಳೂ ಅಲ್ಲೇ ಇದ್ದೆವು, ಊಟದ ಡಬ್ಬಿ ತೆರೆಯುತ್ತ.

"ಸಾರ್, ನನ್ನ ಕೀಬೋರ್ಡಿಗೆ ಒಂದು ವೈರ್ ಹಾಕಿಸ್ಕೊಡಿ."

"ಯಾಕಮ್ಮಾ, ಇಂಗ್ಲಿಷ್ ಕಲಿತುಬಿಟ್ಯಾ?"

"ಎಲ್ಲಾ ಕೀ ಬೇಡ ಸಾರ್. ಮುಚ್ಚೋದು ಒಂದೇ ಸಾಕು. ಆಗಲ್ಲ ಅನ್ನಿಸಿದಾಗ ನಾನೇ ಮುಚ್ಕೋತೀನಿ."

"ನೀವೆಲ್ಲ ಆಗಲ್ಲ ಅನ್ನಿಸಿದಾಗಲೆಲ್ಲ ಮುಚ್ಕೊಂಡು ಕೂತ್ರೆ, ನಾನು ಕೆಳಗಡೆ ಸೋಫಾ ಮಾರಬೇಕಾಗತ್ತೆ."

ಎಲ್ಲರೂ ನಕ್ಕರು. ಅವನು ಜೋಕ್ ಮಾಡಿದರೆ ನಗು ಬಂದೇ ಬರುತ್ತದೆ. ನಾನೂ ನಕ್ಕೆ. ಬೆಳ್ಳಿ ಅಕ್ಕನೂ ಅರ್ಧ ನಕ್ಕು, "ಸೋಫಾಗಾದ್ರೂ ಗ್ಯಾರಂಟಿ ಕೊಡ್ತಾರೆ ಸಾರ್" ಎಂದು ಹೊರಟುಹೋದಳು.

ಮಾರ್ಚ್ 4

ತಲೆನೋವು. ನಾಳೆ ಬರೆಯುತ್ತೇನೆ.

ಮಾರ್ಚ್ 5, ಮಧ್ಯಾಹ್ನ

ಬರೆದರೆ ಮುಗಿಯುತ್ತದೇನೋ.

ನಿನ್ನೆ ಕ್ಯಾಪ್ಟನ್ ಬಂದಿದ್ದ. ಅದು ಅವನೇ ಇಟ್ಟುಕೊಂಡ ಹೆಸರು. ಮೂರನೇ ರೂಮಿನ ದೊಡ್ಡ ಗಿರಾಕಿ. ಅವನ ಜೊತೆ ಟೈಪ್ ಮಾಡುವುದು ಟೆನಿಸ್ ಆಡಿದ ಹಾಗೆ, ಒಂದು ಕಳಿಸಿದರೆ ಅಷ್ಟೇ ಚೆಂದದ್ದೊಂದು ವಾಪಸ್ಸು. ಮಾತಿಗೆ ಮಾತು ಬೆಳೆಯಿತು. ನಿನಗೆ ನಾನೆಂದರೆ ಎಷ್ಟು ಇಷ್ಟ ಎಂದು ಕೇಳಿದ. ನಾನು ಒಂದು ಕ್ಷಣವೂ ಯೋಚಿಸದೆ ಹೊಡೆದೆ — "ಫಾರ್ ಯು, ಎನಿಥಿಂಗ್."

ಅದೊಂದು ಅಲಂಕಾರ, ಅಷ್ಟೇ. ನಾವು ಸ್ಕೂಲಿನಲ್ಲಿ ಎರೇಸರ್ ಕೇಳಿದವರಿಗೂ ಹಾಗನ್ನುತ್ತಿದ್ದೆವು. ಮೊದಲ ರಾತ್ರಿ ಇವನಿಗೂ ಅಂದಿದ್ದೆ.

ಕ್ಯಾಪ್ಟನ್ ಬರೆದ — ಹಾಗಾದರೆ ಮುಖವಾಡ ತೆಗಿ.

ರೂಮಿನ ಸ್ಪೀಕರು ಗಿರಾಕಿಯ ಮಾತನ್ನು ಕನ್ನಡ ಮಾಡಿ ಹೇಳುತ್ತದೆ. ಅವನು ಕೇಳಿದ್ದು ಬೆಳ್ಳಿ ಅಕ್ಕನಿಗೆ ಗೊತ್ತಾಯಿತು. ಅದಕ್ಕೆ ಮುಂಚೆ ನಾನು ಹೇಳಿದ್ದು ಗೊತ್ತಿರಲಿಲ್ಲ. ಕ್ಯಾಮೆರಾಕ್ಕೆ ನಗುತ್ತಲೇ ಕೈ ಚಾಚಿ ನೀಲಿ ದಿಂಬು ತೆಗೆದು ತೊಡೆಯ ಮೇಲಿಟ್ಟುಕೊಂಡಳು.

ನೋಡಿದೆ. ಚೆನ್ನಾಗಿ ನೋಡಿದೆ.

ತಪ್ಪಿಸುವ ಮಾತು ಟೈಪ್ ಮಾಡಲು ಶುರು ಮಾಡಿದ್ದೆ. ಹಿಂದಿನಿಂದ ಬಂದು ಇವನು ನನ್ನ ಭುಜದ ಮೇಲೆ ಕೈಯಿಟ್ಟ. "ಎನಿಥಿಂಗ್ ಅಂತ ಆಗ್ಲೇ ಹೇಳಿಬಿಟ್ಟಿದೀಯ ಬಂಗಾರಿ. ಈಗ ಹಿಂದೆ ತಗೊಂಡ್ರೆ ಅವನು ಕಂಪ್ಲೇಂಟ್ ಹಾಕ್ತಾನೆ. ಒಂದೇ ನಿಮಿಷದ ಕೆಲಸ, ಬಿಡು." ಎಷ್ಟು ಮೆತ್ತಗೆ ಹೇಳಿದ. ಹೆಬ್ಬೆರಳಿನಿಂದ ನನ್ನ ಕತ್ತು ಸವರುತ್ತಿದ್ದ. ನಾನು ಯೋಚಿಸಿದ್ದು — ಬರೆಯಲೇಬೇಕು — ಕಿಟಕಿ ತುಂಬ ನೀರು.

ಬರೆದದ್ದನ್ನು ಅಳಿಸಿ "ಯೆಸ್" ಎಂದು ಕಳಿಸಿದೆ.

ಇವನು ಮೈಕ್ ತೆಗೆದುಕೊಂಡು ಬೆಳ್ಳಿ ಅಕ್ಕನ ಇಯರ್‌ಫೋನಿಗೆ, "ತೆಗೀಬೇಕಂತೆ. ಒಪ್ಪಿಕೊಂಡಾಗಿದೆ" ಅಂದ. ಅವಳು ದಿಂಬನ್ನು ಇನ್ನೂ ಹತ್ತಿರಕ್ಕೆ ಎಳೆದುಕೊಂಡಳು. ವೈರಿಲ್ಲದ ಕೀಬೋರ್ಡಿನ ಮೇಲೆ ಏನೋ ಒತ್ತಿದಳು, ಒತ್ತಿದಳು. ಎಲ್ಲಿಗೂ ಹೋಗಲಿಲ್ಲ. ಮುಚ್ಚುವ ಕೀ ನನ್ನ ಕಿರುಬೆರಳಿನ ಪಕ್ಕದಲ್ಲೇ ಇತ್ತು.

ಆಮೇಲೆ ಅವಳು ಗಂಟು ಬಿಚ್ಚಿದಳು.

ಶಿಫ್ಟ್ ಮುಗಿದ ಮೇಲೆ ಅವಳು ಏನೇನಂದೆ ಎಂದು ಕೇಳಲಿಲ್ಲ.

ಮಾರ್ಚ್ 14

ಸಮುದ್ರ ನೋಡಿದೆವು. ಕಿಟಕಿ ಫೋಟೊದಲ್ಲಿದ್ದ ಹಾಗೇ ಇತ್ತು.

ಮಾರ್ಚ್ 15

ನಿನ್ನೆಯದನ್ನು ಓದಿದೆ. ಹನಿಮೂನಿನ ಬಗ್ಗೆ ಇಷ್ಟೇ ಬರೆದಿದ್ದೇನೆ. ಅವನು ತುಂಬ ಚೆನ್ನಾಗಿ ನೋಡಿಕೊಂಡ, ಅದನ್ನೂ ಬರೆಯಬೇಕು, ಇಲ್ಲದಿದ್ದರೆ ಮೋಸ. ಮರಳು ಬಿಸಿಯಾಗಿದೆಯೆಂದು ತನ್ನ ಚಪ್ಪಲಿ ಕೊಟ್ಟು ತಾನು ಕುಣಿಯುತ್ತ ನಡೆದ. ನಕ್ಕೆ. ಹೋಟೆಲಿನ ದಿಂಬುಗಳು ನೀಲಿ. ಒಂದನ್ನು ಅಲಮಾರಿಯಲ್ಲಿ ತುರುಕಿದೆ. ಯಾಕೆ ಎಂದು ಕೇಳಿದ. ಧೂಳು ಅಂದೆ.

ಮಾರ್ಚ್ 21

ಮೂರನೇ ರೂಮಿನಲ್ಲಿ ಬೇರೆ ಹುಡುಗಿ. ಅದೇ ವಿಗ್. ಬೆಳ್ಳಿ ಅಂತಲೇ ಹೆಸರು. ಗಿರಾಕಿಗಳಿಗೆ ವ್ಯತ್ಯಾಸ ತಿಳಿಯಲಿಲ್ಲ — ಮಾತು ನನ್ನದೇ ತಾನೆ.

ಮೇಕಪ್ ಆಂಟಿಯನ್ನು ಕೇಳಿದೆ. ಬ್ರಷ್ಷು ತೊಳೆಯುತ್ತಲೇ ಹೇಳಿದರು.

"ಆ ಕ್ಯಾಪ್ಟನ್ ರೆಕಾರ್ಡ್ ಮಾಡ್ಕೊಂಡಿದ್ದ. ಎಲ್ಲೆಲ್ಲೋ ಸುತ್ತಿ ಅವಳ ಬೀದಿಗೇ ಬಂತು. ಅಲ್ಲಿಂದ ತಂಗಿ ಆಸ್ಪತ್ರೆಗೆ. ಅವರು ಆ ನರ್ಸಮ್ಮನ್ನೇ ಕರೆದು, ಇದು ನೀನೇ ಅಲ್ವಾ ಅಂದ್ರಂತೆ. ಅವಳೇನು ಹೇಳ್ತಾಳೆ? ನಾನಲ್ಲ, ನಮ್ಮಕ್ಕ ಅಂತ ಹೇಳ್ಬೇಕು. ಹೇಳ್ಲಿಲ್ಲ. ಸುಮ್ನಿದ್ಲು. ಸ್ವಲ್ಪ ದಿನ ಬರಬೇಡ ಅಂದಿದಾರೆ."

ಕೈಯಿಂದ ಹಣೆ ಒರೆಸಿಕೊಂಡೆ.

"ನೀನ್ಯಾಕಮ್ಮ ಬೆವರ್ತೀಯ? ನೀನು ಟೈಪಿಸ್ಟು. ಫ್ಯಾನ್ ಕೆಳಗೆ ಕೂರೋಳು."

ಆಂಟಿಗೆ ಗೊತ್ತು. ಇಡೀ ಕಾರಿಡಾರಿಗೆ ಗೊತ್ತು.

ಮಾರ್ಚ್ 30

ಲೇಬರ್ ಆಫೀಸಿನಿಂದ ನೋಟಿಸು. ಬೆಳ್ಳಿ ಅಕ್ಕ ದೂರು ಕೊಟ್ಟಿದ್ದಾಳೆ. ಇವನು ಗಾಬರಿಯಾಗಿರಬಹುದೆಂದುಕೊಂಡೆ. ಇಲ್ಲ. ಶಿಳ್ಳೆ ಹಾಕುತ್ತ ಶರ್ಟು ಇಸ್ತ್ರಿ ಮಾಡುತ್ತಿದ್ದ.

"ಚಾಟೆಲ್ಲ ಸೇವ್ ಆಗಿದೆಯಲ್ಲ. ಬೆಳ್ಳಿ ಅನ್ನೋ ಹೆಸರಲ್ಲೇ ಇದೆ. ಫಾರ್ ಯು ಎನಿಥಿಂಗ್ ಅಂತ ಅವಳೇ ಬರೆದಿದಾಳೆ. ಯೆಸ್ ಅಂತಾನೂ ಅವಳೇ. ಇನ್ನೇನು ಬೇಕು?"

"ಅದು ನಾನು ಬರೆದದ್ದು ಅಲ್ವಾ."

"ಗೊತ್ತಿರೋದು ನಮಗೆ." ಇಸ್ತ್ರಿ ಪೆಟ್ಟಿಗೆ ಎತ್ತಿ ನಿಲ್ಲಿಸಿದ. "ಟೈಪಿಸ್ಟುಗಳು ಯಾರು ಅಂತ ಯಾವ ಸ್ಟುಡಿಯೋನೂ ಹೇಳಲ್ಲ. ಹೇಳಿದ್ರೆ ಒಬ್ಬ ಗಿರಾಕೀನೂ ಉಳಿಯಲ್ಲ. ನಾನೊಬ್ಬನೇ ಮಾಡ್ತಿರೋದಲ್ಲ ಇದು."

ಆಮೇಲೆ — ಇದೇ ಕೇಳಬೇಕಾದದ್ದು — ಅಲ್ಲಿನ ಮೇಡಂ ಚಾಟನ್ನು ಕನ್ನಡದಲ್ಲಿ ಓದಿ ಹೇಳುವವರು ಬೇಕು ಅಂದಿದ್ದಾರಂತೆ. ಕಂಪನಿ ಕಡೆಯಿಂದ ನಾನೇ ಹೋಗಬೇಕಂತೆ.

"ನಿನ್ನಷ್ಟು ಚೆನ್ನಾಗಿ ಯಾರಿಗೆ ಬರುತ್ತೆ ಹೇಳು."

ಏಪ್ರಿಲ್ 3

ಕಡತಗಳ ವಾಸನೆಯ ರೂಮು. ಕಿಟಕಿಯ ಗಾಜಿಗೆ ಹಳೆಯ ಪೇಪರ್ ಅಂಟಿಸಿದ್ದರು. ಲೇಬರ್ ಮೇಡಂ ನೆಗಡಿಯಾಗಿ ಒಂದೇ ಸಮ ಸೀನುತ್ತಿದ್ದರು. ಬೆಳ್ಳಿ ಅಕ್ಕ ವಿಗ್ಗಿಲ್ಲದೆ, ಲೇಸಿಲ್ಲದೆ, ಕೈಚೀಲ ಮಡಿಲಲ್ಲಿಟ್ಟುಕೊಂಡು ಕೂತಿದ್ದಳು. ಥೇಟ್ ದಿಂಬಿನ ಹಾಗೆ.

ಅವಳ ಮುಖವನ್ನು ನಾನು ಸರಿಯಾಗಿ ನೋಡಿದ್ದು ಇವತ್ತೇ. ಮೂಗಿನ ಮೇಲೊಂದು ಸಣ್ಣ ಮಚ್ಚೆ. ತಂಗಿಗೂ ಇದೆಯೇನೋ.

ಓದಿದೆ. ಇಂಗ್ಲಿಷಿನ ಒಂದೊಂದು ಸಾಲು ಓದಿ, ಕನ್ನಡದಲ್ಲಿ. "ನಿನಗಾಗಿ ಏನು ಬೇಕಾದರೂ." ಇಂಗ್ಲಿಷಿನಲ್ಲಿ ಅದು ಗ್ರೀಟಿಂಗ್ ಕಾರ್ಡು. ಕನ್ನಡದಲ್ಲಿ ಹೇಳುವಾಗ ನಾಲಿಗೆ ಅಂಟಿಕೊಂಡಿತು. ಯಾರೂ ಯಾರಿಗೂ ಹಾಗನ್ನಬಾರದು.

"ಇದು ನೀವೇ ಬರೆದಿದ್ದಾ?" ಮೇಡಂ ಕೇಳಿದರು.

"ನನಗೆ ಇಂಗ್ಲಿಷ್ ಬರಲ್ಲ ಮೇಡಂ" ಎಂದಳು ಬೆಳ್ಳಿ ಅಕ್ಕ. "ನಾನು ದಿಂಬು ಎತ್ಕೊಂಡೆ."

"ದಿಂಬಾ?"

"ದಿಂಬು ಎತ್ಕೊಂಡ್ರೆ ಬೇಡ ಅಂತ. ಬರೆಯೋರಿಗೆ ಗೊತ್ತು."

ಇವನು ನಕ್ಕ. ದೊಡ್ಡದಾಗೇನಲ್ಲ, ಪಾಪ ಅನ್ನುವ ಹಾಗೆ. "ದಿಂಬು ಎತ್ಕೊಳ್ಳೋದನ್ನೆಲ್ಲ ಯಾವ ಕಾನೂನು ಮೇಡಂ ಓದೋದು? ಬರೆದದ್ದು ಮುಂದೇನೇ ಇದೆಯಲ್ಲ."

"ಬರೆಯೋರು ಅಂದ್ರೆ ಯಾರು?" ಮೇಡಂ ಬೆಳ್ಳಿ ಅಕ್ಕನನ್ನು ಕೇಳಿದರು.

ಅವಳು ನನ್ನ ಕಡೆ ತಿರುಗಿದಳು. ಬೆರಳು ಮಾಡಲಿಲ್ಲ. ಹೆಸರು ಹೇಳಲಿಲ್ಲ. ಸುಮ್ಮನೆ ನನ್ನನ್ನೇ ನೋಡಿದಳು, ಶಿಫ್ಟ್ ಮುಗಿದ ಮೇಲೆ ಕಾಲು ಚಾಚಿ ನೋಡುತ್ತಿದ್ದಳಲ್ಲ, ಹಾಗೆ. ಹೇಳು, ಇವತ್ತು ನಾನು ಏನೇನಂದೆ.

ನಾನು ಪೇಪರಿನ ಮೂಲೆ ಮಡಿಸುತ್ತ ಕೂತೆ.

ಮುಂದಿನ ವಿಚಾರಣೆ ಹನ್ನೊಂದನೇ ತಾರೀಖು. ಅವತ್ತೇ ತೀರ್ಮಾನ. ಆ ಮಾತು ಅವಳದಲ್ಲವೆಂದು ತೋರಿಸಲಾಗದಿದ್ದರೆ ದೂರು ವಜಾ.

ಹೊರಬರುವಾಗ ಇವನು ಕಿವಿಯಲ್ಲಿ, "ಸೂಪರಾಗಿ ಓದಿದೆ" ಅಂದ. ಮನೆಗೆ ಬಂದು ವಾಂತಿ ಮಾಡಿಕೊಂಡೆ. ಅತ್ತೆ ಬೇರೇನೋ ಅಂದುಕೊಂಡು ತಲೆ ಸವರಿದರು. ಅದಕ್ಕಿಂತ ಅವರು ನನ್ನ ಕೆನ್ನೆಗೆ ಬಾರಿಸಿದ್ದರೆ ಚೆನ್ನಾಗಿತ್ತು.

ಏಪ್ರಿಲ್ 8

ಆಂಟಿಯನ್ನು ಕೇಳಿ ವಿಳಾಸ ತೆಗೆದುಕೊಂಡು ಹೋದೆ. ಬೆಳ್ಳಿ ಅಕ್ಕ ಮನೆ ಬದಲಾಯಿಸಿದ್ದಾಳೆ. ಒಂದೇ ಕೋಣೆ, ಗೋಡೆಗಂಟಿದ ಮಂಚ, ಮೊಳೆಗೆ ನೇತುಹಾಕಿದ ನರ್ಸ್ ಯೂನಿಫಾರ್ಮು, ಇಸ್ತ್ರಿ ಮಾಡಿದ್ದು. ತಂಗಿ ಗೋಡೆ ಕಡೆ ಮುಖ ಮಾಡಿ ಮಲಗಿದ್ದಳು. ನಾನಿರುವಷ್ಟು ಹೊತ್ತೂ ತಿರುಗಲಿಲ್ಲ.

"ಐ ಯಾಮ್ ಸೋ ಸಾರಿ ಅಕ್ಕ" ಅಂದೆ.

"ಇಂಗ್ಲಿಷಲ್ಲಿ ಏನೂ ಹೇಳ್ಬೇಡ ಮಾರಾಯ್ತಿ. ನಿನ್ನ ಇಂಗ್ಲಿಷಿಂದ ಸಾಕಾಗಿದೆ."

ಟೀ ಇಟ್ಟಳು. ನನಗೇನೂ ಬೇಡ, ನನ್ನ ಮೇಲೆ ಕೋಪ ಇಲ್ಲವಾ ಅಂದೆ.

"ಇದೆ. ಬೇಕಾದಷ್ಟಿದೆ. ಅದಕ್ಕೇ ಸಕ್ಕರೆ ಹಾಕಿಲ್ಲ."

ಕುಡಿದೆ. ಈ ಕೆಲಸ ಬಿಟ್ಟು ಬೇರೆ ಏನಾದರೂ ನೋಡಿಕೊಡಲಾ, ನಮ್ಮಪ್ಪನಿಗೆ ಪರಿಚಯದವರಿದ್ದಾರೆ — ಏನೇನೋ ಅಂದೆ. ದೊಡ್ಡ ಮನಸ್ಸಿನವಳ ಹಾಗೆ. ಹೇಳುವಾಗಲೇ ನಾಚಿಕೆಯಾಯಿತು.

"ನನಗೆ ಕೆಲಸ ಬೇಡ ಅಂತ ಯಾರು ಹೇಳಿದ್ರು ನಿನಗೆ? ಮುಚ್ಚೋ ಕೀ ನನ್ನ ಕೈಲಿರಲಿ ಅಂದೆ. ಎದ್ದು ಹೋದ್ರೆ ದಂಡ ಬೇಡ ಅಂದೆ. ಮಾತು ಬರೆದೋರ ಹೆಸರು ಮಾತಿನ ಪಕ್ಕ ಇರಲಿ ಅಂದೆ. ಮೇಡಮ್ಮಿಗೂ ಅಷ್ಟೇ ಬರೆಸಿ ಕೊಟ್ಟಿದೀನಿ. ಆರೂ ರೂಮಿನವರ ಪರವಾಗಿ."

"ನನ್ನ ಹೆಸರು ಯಾಕೆ ಹೇಳ್ಲಿಲ್ಲ ಅವತ್ತು?"

ಲೋಟ ತೊಳೆಯಲು ಎದ್ದಳು. "ನಾನು ಹೇಳಿದ್ರೆ ಅದು ಇನ್ನೊಂದು ದೂರು. ನೀನು ಹೇಳಿದ್ರೆ ಸಾಕ್ಷಿ." ಆಮೇಲೆ, ನಲ್ಲಿಯ ಕಡೆ ನೋಡುತ್ತ, "ಬಾಗಿಲು ಎಳ್ಕೊಂಡು ಹೋಗು. ಚಿಲಕ ಸರಿಯಿಲ್ಲ."

ಏಪ್ರಿಲ್ 10

ಅವನಿಗೆ ಹೇಳಿದೆ. ನಾಳೆ ನಿಜ ಹೇಳುತ್ತೇನೆ ಅಂದೆ. ಜಗಳವಾಡುತ್ತಾನೆ ಅಂದುಕೊಂಡಿದ್ದೆ. ಮಂಚದ ತುದಿಯಲ್ಲಿ ಕೂತು ತನ್ನ ಅಂಗೈ ನೋಡಿಕೊಂಡ.

"ಹೇಳು. ಆದ್ರೆ ಮುಂದಿನದೂ ಯೋಚನೆ ಮಾಡು. ನೀನು ಬರೆದೆ ಅಂದ ಕೂಡ್ಲೇ ನಿನ್ನ ಮೇಲೂ ಬರುತ್ತೆ. ಸ್ಟುಡಿಯೋ ಮುಚ್ಚಿದ್ರೆ ಆ ಆರು ಜನಕ್ಕೆ ನೀನು ಅನ್ನ ಹಾಕ್ತೀಯಾ? ಮತ್ತೆ ಅಮ್ಮ. ಅಮ್ಮನಿಗೆ ಗೊತ್ತಾದ್ರೆ ನಾನು ಈ ಮನೇಲಿ ತಲೆ ಎತ್ತಿ ಊಟ ಮಾಡೋಕಾಗಲ್ಲ."

"ಬೆಳ್ಳಿ ಅಕ್ಕನ ತಂಗಿ ಗೋಡೆ ಕಡೆ ತಿರುಗಿ ಮಲಗಿದಾಳೆ ಕಣೋ."

"ನನಗೇನು ಖುಷಿನಾ ಅದು?" ಧ್ವನಿ ಒಡೆಯಿತು. ನಾಟಕವಲ್ಲ. ಅವನಿಗೂ ನಿದ್ದೆ ಇಲ್ಲ, ನೋಡುತ್ತಿದ್ದೇನೆ. "ನನಗೋಸ್ಕರ ಸುಮ್ನಿರು. ಒಂದು ಸಲ. ಏನು ಬೇಕಾದ್ರೂ ಮಾಡ್ತೀನಿ ಅಂದಿದ್ದೆ ಅಲ್ವಾ ನನಗೆ?"

ಅಂದಿದ್ದೆ.

ಮಲಗುವಾಗ ಎಂದಿನಂತೆ ಕೈ ಚಾಚಿದ. ಜಡೆಯನ್ನು ಎತ್ತಿ ಈ ಕಡೆ ಹಾಕಿಕೊಂಡೆ. ಅವನ ಕೈಗೆ ಜೋಮು ಹಿಡಿಯದಿರಲಿ.

ಏಪ್ರಿಲ್ 11, ಬೆಳಿಗ್ಗೆ

ಅತ್ತೆಗೆ ನಾನೇ ಹೇಳಿಬಿಟ್ಟೆ. ಅವನು ಸ್ನಾನಕ್ಕೆ ಹೋಗಿದ್ದಾಗ, ಅಡುಗೆಮನೆಯಲ್ಲಿ, ನಿಂತುಕೊಂಡೇ. ಎಂಥ ಕಂಪನಿ, ನಾನೇನು ಮಾಡುತ್ತೇನೆ, ದಿಂಬು, ಸಮುದ್ರ, ಎಲ್ಲ. ಇನ್ನು "ಅಮ್ಮನಿಗೆ ಗೊತ್ತಾದ್ರೆ" ಎಂಬ ಮಾತಿಲ್ಲ.

ಅತ್ತೆ ಹೆಚ್ಚುತ್ತಿದ್ದ ತರಕಾರಿಯನ್ನು ಪೂರ್ತಿ ಹೆಚ್ಚಿ ಮುಗಿಸಿದರು. ಚಾಕು ತೊಳೆದಿಟ್ಟರು.

"ಆ ಹುಡುಗೀಗೆ ತಾಯಿ ಇದಾಳಾ?"

"ಇಲ್ಲ ಅತ್ತೆ. ತಂಗಿ ಇದಾಳೆ."

ಅತ್ತೆ ಕೈ ಒರೆಸಿಕೊಂಡರು. ಒಳಗೆ ಹೋಗಿ ಬಾಗಿಲು ಹಾಕಿಕೊಂಡರು. ಇನ್ನೂ ತೆರೆದಿಲ್ಲ. ಸ್ನಾನ ಮುಗಿಸಿ ಬಂದವನು ಆ ಬಾಗಿಲು ನೋಡಿದ, ನನ್ನನ್ನು ನೋಡಿದ, ತಲೆ ಒರೆಸಿಕೊಳ್ಳುವುದನ್ನೇ ಮರೆತ. ನೀರು ತೊಟ್ಟಿಕ್ಕುತ್ತಿತ್ತು. ಬಟ್ಟೆ ಹಾಕಿಕೊಂಡು ಕೆಳಗಿಳಿದು ಹೋದ.

ಧೈರ್ಯ ಬಂದಿಲ್ಲ. ಅಲ್ಲಿ ಬಾಯಿ ಒಣಗಿದರೆ ಎಂದು ಹೇಳಬೇಕಾದದ್ದನ್ನು ಇಲ್ಲೇ ಒಂದು ಸಲ ಬರೆದು ನೋಡಿಕೊಳ್ಳುತ್ತೇನೆ. ಕನ್ನಡದಲ್ಲಿ. ನಕ್ಷತ್ರ, ಚಂದ್ರ ಏನೂ ಬೇಡ.

ಮೇಡಂ, ಆ ಮಾತು ಬೆಳ್ಳಿ ಅಕ್ಕನದಲ್ಲ. ಅವರ ಕೀಬೋರ್ಡಿಗೆ ವೈರಿಲ್ಲ. ಬೇಕಾದರೆ ಬಂದು ನೋಡಿ. ಕೇಳಿದ್ದಕ್ಕೆ ಅವರು ದಿಂಬು ಎತ್ತಿಕೊಂಡರು. ಹಾಗಂದರೆ ಬೇಡ ಅಂತ. ಅದನ್ನು ನನಗೆ ಅವರೇ ಕಲಿಸಿದ್ದರು, ನಾನು ಕೈ ಮೇಲೆ ಕೈಯಿಟ್ಟು ಪ್ರಾಮಿಸ್

ಪ್ರಾಮಿಸ್ ಬೇಡ. ಮಾತು ಕೊಟ್ಟಿದ್ದೆ.

ಕೆಳಗೆ ಸ್ಕೂಟರಿನ ಹಾರ್ನು. ಹೋಗಿಲ್ಲ ಅವನು, ಕಾಯುತ್ತಿದ್ದಾನೆ. ಕರೆದುಕೊಂಡು ಹೋಗಲಿಕ್ಕೋ ತಡೆಯಲಿಕ್ಕೋ ಗೊತ್ತಿಲ್ಲ. ಬಸ್ಸಿದೆ, ಅದರಲ್ಲೇ ಹೋಗುತ್ತೇನೆ.

ಮೇಡಂ, ಅವರು ದಿಂಬು ಎತ್ತಿಕೊಂಡದ್ದನ್ನು ನಾನು ನೋಡಿದೆ. ಮುಚ್ಚುವ ಕೀ ನನ್ನ ಕೈಯಲ್ಲಿತ್ತು. ನೋಡಿಯೂ ಮುಚ್ಚಲಿಲ್ಲ. ಯೆಸ್ ಎಂದು ಬರೆದದ್ದು ನಾನು.